ಮುಂಗಡ ನಮಸ್ಕಾರ

ಕೆಲವರು ಯೋಗ್ಯತೆಯಿಂದ ಹುದ್ದೆಗೆ ಏರುತ್ತಾರೆ, ಕೆಲವರು ವಶೀಲಿಯಿಂದ ಏರುತ್ತಾರೆ. ನಾನು ಏರಿದ್ದು ಸೊಂಟದ ಅಳತೆಯಿಂದ. ನಮ್ಮ ಶಾಲೆಯ ಡ್ರಿಲ್ ಮೇಷ್ಟ್ರು ಒಂದು ದಿನ ಇದ್ದಕ್ಕಿದ್ದಂತೆ ಕೆಲಸ ಬಿಟ್ಟು ಹೋದರು. ಹೋಗುವಾಗ ಖಾಕಿ ಚಡ್ಡಿಯೊಂದನ್ನೂ ಸೀಟಿಯೊಂದನ್ನೂ ಬಿಟ್ಟುಹೋದರು. ಅಧ್ಯಕ್ಷರು ಆ ಚಡ್ಡಿಯನ್ನು ಎತ್ತಿ ಹಿಡಿದು ಸ್ಟಾಫ್ ರೂಮಿನಲ್ಲಿ ಕೂತಿದ್ದ ನಮ್ಮನ್ನೆಲ್ಲ ಒಮ್ಮೆ ಅಳೆದು ನೋಡಿದರು. ವಿಜ್ಞಾನದ ಮೇಷ್ಟ್ರಿಗೆ ಅದು ತೊಡೆಯಿಂದ ಮೇಲೆ ಬರುವಂತಿರಲಿಲ್ಲ, ಹಿಂದಿ ಪಂಡಿತರಿಗೆ ಸೊಂಟದಲ್ಲಿ ನಿಲ್ಲುವಂತಿರಲಿಲ್ಲ. ಉಳಿದವನು ಚರಿತ್ರೆ ಹೇಳಿಕೊಡುತ್ತಿದ್ದ ನಾನು. ‘ನಿಮಗೆ ಹೇಳಿ ಹೊಲಿಸ್ದಂಗೈತಲ್ರೀ ಮೇಷ್ಟ್ರೇ!’ ಎಂದರು ಅಧ್ಯಕ್ಷರು. ಹಾಗೆ ನಾನು ಫುಟ್‌ಬಾಲ್ ಕೋಚ್ ಆದೆ. ಬಾಲ್ಯದಲ್ಲಿ ನಾನು ಆಡಿದ್ದು ಚೌಕಾಬಾರ ಮತ್ತು ಅಳಗುಳಿಮಣೆ. ಎರಡೂ ಕೂತಲ್ಲೇ ಆಡುವ ಆಟಗಳು. ಅವುಗಳಲ್ಲೂ ನಾನು ಗೆದ್ದ ನೆನಪಿಲ್ಲ.

ಶಾಲೆಯ ವಿಷಯ ಸ್ವಲ್ಪ ಹೇಳಬೇಕು. ಅಜ್ಜಂಪುರದಿಂದ ಶಿವನಿಯ ಕಡೆ ಹೋಗುವ ದಾರಿಯಲ್ಲಿ, ಎಪ್ಪತ್ತರ ದಶಕದಲ್ಲಿ, ಒಂದು ಸೈನಿಕ ತರಬೇತಿಯ ವಸತಿ ಶಾಲೆ ಇತ್ತು. ಬೋರ್ಡಿನ ಮೇಲೆ ‘ಅಕಾಡೆಮಿ’ ಎಂದು ಬರೆದಿದ್ದರೂ ಊರವರ ಬಾಯಲ್ಲಿ ಅದು ‘ಮಿಲ್ಟ್ರಿ ಸ್ಕೂಲು’. ಅದನ್ನು ಕಟ್ಟಿಸಿದ ಅಧ್ಯಕ್ಷ ಶಾಮಣ್ಣನವರು ಸಿಂಗಟಗೆರೆ ಕಡೆಯ ತೆಂಗಿನ ತೋಟದ ಕುಳ. ಮಿಲಿಟರಿಯಲ್ಲಿ ಅವರು ಒಂದು ದಿನವೂ ಇದ್ದವರಲ್ಲ. ಯಾವುದೋ ಮದುವೆಗೆಂದು ಮೈಸೂರಿಗೆ ಹೋದಾಗ ಒಂದು ಪರೇಡ್ ನೋಡಿದರಂತೆ. ಅಷ್ಟು ಜನ ಒಂದೇ ಸಲಕ್ಕೆ ಒಂದೇ ಕಾಲು ಎತ್ತಿದ್ದನ್ನು ಕಂಡು ಅವರ ಕಣ್ಣಲ್ಲಿ ನೀರು ಬಂದುಬಿಟ್ಟಿತಂತೆ. ‘ನಮ್ಮೂರಲ್ಲಿ ನಾಲ್ಕು ಜನ ಒಂದು ಹೆಣ ಹೊತ್ರೂ ನಾಲ್ಕು ಕಡೆ ಎಳೀತಾರೆ ಕಣ್ರೀ, ಇದನ್ನ ನಮ್ಮ ಹುಡುಗ್ರೂ ಕಲೀಬೇಕು’ ಎಂದು ಅಲ್ಲೇ ತೀರ್ಮಾನ ಮಾಡಿದರಂತೆ. ಸುತ್ತಮುತ್ತಲಿನ ರೈತರು, ಹೊಲದಲ್ಲೂ ಮಾತು ಕೇಳದ, ಮನೆಯಲ್ಲೂ ಮಾತು ಕೇಳದ ಮಕ್ಕಳನ್ನು ಆರಿಸಿ ಆರಿಸಿ ನಮ್ಮಲ್ಲಿಗೆ ತಂದು ಬಿಡುತ್ತಿದ್ದರು. ನಾವು ಅವರಿಗೆ ಖಾಕಿ ತೊಡಿಸುತ್ತಿದ್ದೆವು. ಮಾತು ಕೇಳದಿರುವುದನ್ನು ಅವರು ಖಾಕಿಯಲ್ಲೇ ಮುಂದುವರಿಸುತ್ತಿದ್ದರು.

ವರ್ಷಕ್ಕೆ ಮೂರು ಪಂದ್ಯ. ಮೊದಲು ಕಡೂರಿನವರ ಜೊತೆ, ಆಮೇಲೆ ತರೀಕೆರೆಯವರ ಜೊತೆ, ಕೊನೆಗೆ ಲಕ್ಕವಳ್ಳಿಯ ಡ್ಯಾಮ್ ಕಾಲೋನಿಯ ಹುಡುಗರ ಜೊತೆ. ಕೋಚ್ ಆಗಿ ನಾನಿದ್ದ ಮೂರು ವರ್ಷದಲ್ಲಿ ಒಂಬತ್ತೂ ಪಂದ್ಯಗಳನ್ನು ಸೋತಿದ್ದೆವು. ನಮ್ಮ ಹೆಸರಿಗಿದ್ದ ಗೋಲು ಒಂದೇ ಒಂದು, ಅದನ್ನೂ ತರೀಕೆರೆಯವನೊಬ್ಬ ತನ್ನದೇ ಗೋಲಿಗೆ ಹೊಡೆದು ನಮಗೆ ದಾನ ಮಾಡಿದ್ದು. ಆದರೂ ಪ್ರತಿ ಸೋಲಿನ ಮಾರನೆಯ ದಿನ ಪ್ರಾರ್ಥನೆಯ ವೇಳೆ ನಾನು ಎದೆಯುಬ್ಬಿಸಿ ಹೇಳುತ್ತಿದ್ದೆ, ‘ಸೋತರೂ ನಮ್ಮ ಹುಡುಗರು ಮರ್ಯಾದೆ ಬಿಟ್ಟಿಲ್ಲ. ಒಂದು ಜಗಳ ಇಲ್ಲ, ಒಂದು ಬೈಗುಳ ಇಲ್ಲ.’ ಹುಡುಗರು ಚಪ್ಪಾಳೆ ತಟ್ಟುತ್ತಿದ್ದರು. ನಾಲ್ಕನೆಯ ವರ್ಷ ಶಾಮಣ್ಣನವರಿಗೆ ನಮ್ಮ ಮರ್ಯಾದೆ ಸಾಕಾಗಿ, ಹೊಸ ಕೋಚನ್ನು ಹುಡುಕಿ ತಂದರು.

ಹವಾಲ್ದಾರ್ ಕೆಂಚಪ್ಪನವರು ಶಿವನಿಯ ಹತ್ತಿರದ ಹಳ್ಳಿಯವರು. ಮೀಸೆ ಚಿಗುರುವ ವಯಸ್ಸಿನಲ್ಲಿ ಸೈನ್ಯಕ್ಕೆ ಸೇರಿ, ರೆಜಿಮೆಂಟಿನ ತಂಡದಲ್ಲಿ ಫುಟ್‌ಬಾಲ್ ಆಡಿ, ಮೀಸೆ ನರೆಯುವ ಹೊತ್ತಿಗೆ ಪಿಂಚಣಿಯ ಮೇಲೆ ಊರಿಗೆ ಬಂದಿದ್ದರು. ಬಂದಮೇಲೆ ಅವರಿಗೆ ಊರಿನಲ್ಲಿ ಮಾಡಲು ಏನೂ ತೋಚಲಿಲ್ಲ. ಬೇಸಾಯ ಮರೆತುಹೋಗಿತ್ತು. ತಮ್ಮಂದಿರು ಉಳುವ ಹೊಲದ ಬದುವಿನ ಮೇಲೆ ಕೈಕಟ್ಟಿ ನಿಂತು, ಸಾಲು ಸೊಟ್ಟಗಾಯಿತೆಂದು ಕೂಗುತ್ತಿದ್ದರಂತೆ. ಮೊದಲನೆಯ ದಿನವೇ ಅವರು ನನ್ನೊಡನೆ ಮನಸ್ಸು ಬಿಚ್ಚಿ ಹೇಳಿಕೊಂಡರು. ‘ನೋಡಿ ಮೇಷ್ಟ್ರೇ, ಮನೇಲಿ ಕೂತ್ರೆ ನಮ್ಮನೆಯವ್ಳು ಬೈತಾಳೆ. ಎಮ್ಮೆಗೂ ಅಟೆನ್ಷನ್ ಹೇಳ್ತೀರಲ್ಲ, ಹಾಲು ಬತ್ತೋಗ್ತೈತೆ, ಎಲ್ಲಾದ್ರೂ ಹೋಗಿ ಅಂತಾಳೆ. ನಂಗೆ ಬರೋದು ಇದೊಂದೇ ಕಣ್ರೀ. ಇದೂ ಹೋದ್ರೆ ಜಗಲಿ ಮೇಲೆ ಕೂತು ರೈಲು ಎಣಿಸ್ಬೇಕು, ಅಷ್ಟೆ.’ ಶಾಮಣ್ಣನವರು ಅವರಿಗೆ ಹಾಕಿದ್ದ ಷರತ್ತು ಸರಳವಾಗಿತ್ತು. ಈ ವರ್ಷ ಮೂರರಲ್ಲಿ ಒಂದು ಪಂದ್ಯವನ್ನಾದರೂ ಗೆಲ್ಲಬೇಕು. ಗೆಲ್ಲದಿದ್ದರೆ ಹವಾಲ್ದಾರರು ಮನೆಗೆ, ತಂಡ ಮತ್ತೆ ನನ್ನ ಕೈಗೆ.

ಈ ಷರತ್ತಿನ ಎರಡನೆಯ ಭಾಗ ಬಿದ್ದದ್ದು ನನ್ನ ತಲೆಯ ಮೇಲೆ. ಬೆಳಗಿನ ಐದು ಗಂಟೆಗೆ ಮೈದಾನಕ್ಕೆ ಹೋಗುವ ಶಿಕ್ಷೆಯಿಂದ ಆಗತಾನೆ ಪಾರಾಗಿದ್ದೆ. ಮೂರು ವರ್ಷಗಳ ನಂತರ ಮೊದಲ ಬಾರಿಗೆ ಬಿಸಿ ನೀರಿನಲ್ಲಿ ಸ್ನಾನ ಮಾಡಿ, ಕೂತು ಕಾಫಿ ಕುಡಿದು, ಮನುಷ್ಯರ ವೇಳೆಗೆ ಶಾಲೆಗೆ ಹೋಗುತ್ತಿದ್ದೆ. ಆದ್ದರಿಂದ ಹವಾಲ್ದಾರರು ಉಳಿಯಲಿ ಎಂದು ಅವರ ಮನೆಯವರಿಗಿಂತ ಹೆಚ್ಚಾಗಿ ದೇವರಲ್ಲಿ ಬೇಡಿಕೊಂಡವನು ನಾನು. ಇದನ್ನು ಅವರು ಸ್ನೇಹ ಎಂದು ತಿಳಿದರು. ನಾನೂ ತಿದ್ದಲಿಲ್ಲ.

ಹುಡುಗರ ಆಟ ನೋಡಲು ಹವಾಲ್ದಾರರು ಮೊದಲ ದಿನ ಮೈದಾನದ ಅಂಚಿನಲ್ಲಿ ನಿಂತರು, ಪಕ್ಕದಲ್ಲಿ ನಾನು. ಹುಡುಗರು ಗಟ್ಟಿಮುಟ್ಟಾಗಿದ್ದರು. ರಾಗಿಮುದ್ದೆ ತಿಂದು ಬೆಳೆದವರು, ಓಡಿದರೆ ಕರುಗಳ ಹಾಗೆ ಓಡುತ್ತಿದ್ದರು. ಹವಾಲ್ದಾರರು ಮೀಸೆ ತಿರುವಿ ‘ಜವಾನರು ಪರವಾಗಿಲ್ಲ’ ಎಂದರು. ಅಷ್ಟರಲ್ಲಿ ರುದ್ರೇಶ ಎಂಬ ಬ್ಯಾಕ್ ಆಟಗಾರ ಓಡಿಬಂದು ಎದುರಿನವನಿಂದ ಚೆಂಡು ಕಿತ್ತುಕೊಂಡ. ಬಲು ಸೊಗಸಾಗಿ ಕಿತ್ತುಕೊಂಡ. ಆದರೆ ಕಿತ್ತುಕೊಳ್ಳುವಾಗ ಅವನ ಕಾಲು ಎದುರಿನವನ ಕಾಲಿಗೆ ತಾಗಿತು. ತಕ್ಷಣ ರುದ್ರೇಶ ನಿಂತ, ಬಗ್ಗಿದ, ಎದುರಿನವನ ಮೊಣಕಾಲು ಮುಟ್ಟಿ ಬೆರಳುಗಳನ್ನು ತನ್ನ ಎರಡೂ ಕಣ್ಣಿಗೆ ಒತ್ತಿಕೊಂಡ. ಎದುರಿನವನೂ ಬಗ್ಗಿ ಅವನ ಮೊಣಕಾಲು ಮುಟ್ಟಿ ತನ್ನ ಕಣ್ಣಿಗೆ ಒತ್ತಿಕೊಂಡ. ಚೆಂಡು ಯಾರಿಗೂ ಬೇಡವಾಗಿ ಉರುಳುತ್ತಾ ಬೇಲಿಯ ಕತ್ತಾಳೆಯವರೆಗೆ ಹೋಯಿತು.

‘ಇದೇನ್ರೀ ಇದು?’ ಎಂದರು ಹವಾಲ್ದಾರರು.

‘ಕಾಲು ತಾಗಿತಲ್ಲ’ ಎಂದೆ ನಾನು, ಅದರಲ್ಲಿ ಕೇಳುವಂಥದ್ದೇನಿದೆ ಎಂಬ ಧಾಟಿಯಲ್ಲಿ.

‘ಫುಟ್‌ಬಾಲಲ್ಲಿ ಕಾಲು ತಾಗ್ದೆ ಇನ್ನೇನ್ರೀ ತಾಗ್ತೈತೆ, ಮೂಗಾ? ನಾನು ಕಾಶ್ಮೀರದಿಂದ ಅಸ್ಸಾಮಿನ್ ತಂಕ ಆಡಿದೀನಿ. ಒದ್ದೋರ್ನ ನೋಡಿದೀನಿ, ಕಚ್ಚಿದೋರ್ನೂ ನೋಡಿದೀನಿ. ಒದ್ದು ಕಣ್ಣಿಗೊತ್ಕೊಂಡೋರ್ನ ನೋಡಿರ್ಲಿಲ್ಲ. ಯಾವನ್ರೀ ಇವ್ರಿಗೆ ಇದನ್ನ ಕಲಿಸ್ದೋನು?’

ನಾನು ಕತ್ತಾಳೆ ಬೇಲಿಯ ಕಡೆ ನೋಡಿದೆ. ಕಲಿಸಿದವನು ನಾನೇ. ನನ್ನನ್ನು ಬೆಳೆಸಿದವಳು ನಮ್ಮಜ್ಜಿ. ಮಾತು, ಕತೆ, ನಡೆನುಡಿ ಎಲ್ಲ ಅವಳಿಂದಲೇ ಬಂದದ್ದು. ಪುಸ್ತಕಕ್ಕೆ ಕಾಲು ತಾಗಿದರೂ, ಮೊರಕ್ಕೆ ತಾಗಿದರೂ, ಮಲಗಿದ್ದ ತಮ್ಮನಿಗೆ ತಾಗಿದರೂ ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳುವವರೆಗೆ ಅವಳು ನಮ್ಮನ್ನು ಕದಲಗೊಡುತ್ತಿರಲಿಲ್ಲ. ಹುಡುಗರ ಮನೆಗಳಲ್ಲೂ ಇದೇ ಪದ್ಧತಿ. ಆದರೆ ಅಲ್ಲಿ ಕಲಿತದ್ದನ್ನು ಮೈದಾನದಲ್ಲಿ ಮರೆಯುವ ಬುದ್ಧಿ ಆ ಹುಡುಗರಿಗಿತ್ತು. ನಾನು ಕೋಚ್ ಆದಾಗ, ಫುಟ್‌ಬಾಲಿನ ಬಗ್ಗೆ ನನಗೆ ಗೊತ್ತಿದ್ದದ್ದು ಸೊನ್ನೆಯಾದ್ದರಿಂದ, ಗೊತ್ತಿದ್ದ ಒಂದು ನಿಯಮವನ್ನು ಬಿಗಿಯಾಗಿ ಜಾರಿಗೆ ತಂದೆ. ಕಾಲು ತಾಗಿಸಿ ಹಾಗೇ ಓಡಿದವನಿಗೆ ಸಂಜೆಯ ಮಂಡಕ್ಕಿ ಇಲ್ಲ ಎಂದೆ. ಮೂರು ವರ್ಷದಲ್ಲಿ ಅದು ಹುಡುಗರ ಮೂಳೆಗೆ ಇಳಿದಿತ್ತು. ನಾನು ಕಲಿಸಿ ಅವರು ಕಲಿತದ್ದು ಅದೊಂದೇ. ಚರಿತ್ರೆಯ ಪಾಠದಲ್ಲೂ ಅಂಥ ಫಲಿತಾಂಶ ನನಗೆ ದೊರೆತಿರಲಿಲ್ಲ.

ಹವಾಲ್ದಾರರು ಕಟ್ಟಪ್ಪಣೆ ಮಾಡಿದರು. ‘ಆಟದಾಗೆ ಯಾವನೂ ಬಗ್ಗಂಗಿಲ್ಲ. ಎಷ್ಟು ಸಲ ತಾಗ್ತು ಅಂತ ಮನಸ್ನಾಗೆ ಇಟ್ಕಳಿ. ಮ್ಯಾಚ್ ಮುಗಿದ್ಮೇಲೆ ಒಟ್ಟಿಗೇ ಕೈಮುಗುದ್ಬಿಡಿ.’ ಹುಡುಗರು ‘ಯೆಸ್ ಸಾರ್’ ಎಂದರು. ಅಷ್ಟೇ ಧೈರ್ಯದಿಂದ ರೈಲು ಹತ್ತಿ ಕಡೂರಿಗೆ ಹೋದೆವು. ಅಲ್ಲಿ ಮೊದಲ ಹತ್ತು ನಿಮಿಷ ಅಪ್ಪಣೆ ನಡೆಯಿತು. ಆಮೇಲೆ ನಡೆದದ್ದನ್ನು ನೋಡಿದರೆ ಯಾರಿಗಾದರೂ ಅಯ್ಯೋ ಅನ್ನಿಸಬೇಕು. ಕಾಲು ತಾಗಿದ ಹುಡುಗ ಬಗ್ಗುತ್ತಿರಲಿಲ್ಲ ನಿಜ. ಆದರೆ ತಪ್ಪು ಮಾಡಿದವನ ಮುಖ ಹೊತ್ತು, ತಾಗಿಸಿಕೊಂಡವನ ಹಿಂದೆಯೇ ಓಡುತ್ತಾ, ‘ಆಮೇಲೆ ಮಾಡ್ತೀನಿ ಕಣೋ, ತಪ್ಪು ತಿಳ್ಕಬ್ಯಾಡ’ ಎಂದು ವಿವರಿಸುತ್ತಿದ್ದ. ವಿವರಣೆ ಮುಗಿಯುವ ಹೊತ್ತಿಗೆ ಕಡೂರಿನವರು ಗೋಲು ಹೊಡೆದಿರುತ್ತಿದ್ದರು. ನಾಲ್ಕು ಗೋಲಿನಿಂದ ಸೋತೆವು. ಪಂದ್ಯ ಮುಗಿದಮೇಲೆ ಬಾಕಿ ನಮಸ್ಕಾರಗಳನ್ನೆಲ್ಲ ತೀರಿಸುವಷ್ಟರಲ್ಲಿ ವಾಪಸ್ ರೈಲು ಹೊರಟುಹೋಗಿತ್ತು.

ತರೀಕೆರೆಯ ಪಂದ್ಯಕ್ಕೆ ಹವಾಲ್ದಾರರು ಬೇರೆ ಉಪಾಯ ಹೂಡಿದರು. ಪ್ರತಿಯೊಬ್ಬನ ಎರಡೂ ಕೈಗೆ ಒಂದೊಂದು ಕರ್ಚೀಫು ಕೊಟ್ಟು, ಮುಷ್ಟಿ ಬಿಗಿಹಿಡಿದೇ ಆಡಬೇಕು, ಬಿಚ್ಚಿದವನಿಗೆ ಐದು ಸುತ್ತು ಓಟ ಎಂದರು. ಮುಷ್ಟಿ ಬಿಗಿದಿದ್ದರೆ ಮುಟ್ಟುವ ಪ್ರಶ್ನೆಯೇ ಇಲ್ಲವಲ್ಲ! ಅರ್ಧ ಆಟ ದಾಟಿದರೂ ನಾವು ಸರಿಸಮ ಆಡಿದೆವು, ದೇವರಾಣೆಗೂ ಆಡಿದೆವು. ನಾನು ಉಗುರು ಕಚ್ಚುತ್ತಾ ಕೂತಿದ್ದೆ. ಮುಗಿಯಲು ಇನ್ನೇನು ಸ್ವಲ್ಪ ಹೊತ್ತಿದೆ ಅನ್ನುವಾಗ, ನಮ್ಮ ಗೋಲಿನ ಮುಂದೆಯೇ ರುದ್ರೇಶನ ಕಾಲು ತರೀಕೆರೆಯ ಹುಡುಗನ ಮೀನಖಂಡಕ್ಕೆ ತಾಗಿತು. ರುದ್ರೇಶ ಒಂದು ಕ್ಷಣ ತಡೆದುಕೊಂಡ. ಅವನ ಒಳಗೆ ನನ್ನ ಮೂರು ವರ್ಷದ ಬೋಧನೆಯೂ ಹವಾಲ್ದಾರರ ಮೂರು ವಾರದ ಬೋಧನೆಯೂ ಹೊಡೆದಾಡಿದ್ದು ದೂರದಿಂದಲೇ ಕಾಣುತ್ತಿತ್ತು. ಕೊನೆಗೆ ನಾನು ಗೆದ್ದೆ. ಅವನು ಕರ್ಚೀಫು ಬಿಸಾಡಿ ಬಗ್ಗಿ ಕೈಚಾಚಿದ. ಅದೇ ಕ್ಷಣಕ್ಕೆ ಚೆಂಡು ಬಂದು ಆ ಕೈಗೇ ಬಡಿಯಿತು. ರೆಫರಿ ಸೀಟಿ ಊದಿ ಪೆನಾಲ್ಟಿ ಕೊಟ್ಟರು. ಒಂದು ಗೋಲಿನಿಂದ ಸೋತೆವು. ರೆಫರಿ ಹೋಗುವಾಗ ನನ್ನನ್ನು ಪಕ್ಕಕ್ಕೆ ಕರೆದು, ‘ಹುಡುಗ ಒಳ್ಳೆಯವನು ಕಣ್ರೀ. ಫುಟ್‌ಬಾಲ್ ಬಿಡಿಸಿ’ ಎಂದರು.

ವಾಪಸ್ ಬಸ್ಸಿನಲ್ಲಿ ಹವಾಲ್ದಾರರು ಕರ್ಚೀಫುಗಳನ್ನೆಲ್ಲ ಒಂದೊಂದಾಗಿ ಮಡಿಸಿ ಚೀಲಕ್ಕೆ ಹಾಕಿದರು. ಅಜ್ಜಂಪುರ ಹತ್ತಿರವಾದಾಗ ಕಿಟಕಿಯಾಚೆ ನೋಡುತ್ತಲೇ ಹೇಳಿದರು. ‘ಇನ್ನೊಂದೇ ಮ್ಯಾಚು ಮೇಷ್ಟ್ರೇ. ನನ್ನ ಅಪ್ಪಣೆ ನಿಮ್ಮ ಮಂಡಕ್ಕಿ ಮುಂದೆ ನಡೀಲಿಲ್ಲ. ಕಟ್ಟಿದೋರು ನೀವು, ನೀವೇ ಬಿಚ್ಬೇಕು.’ ಬೈದಿದ್ದರೆ ಚೆನ್ನಾಗಿತ್ತು, ಅವರು ಬೈಯಲಿಲ್ಲ. ಎರಡು ಮಾತಿಗೊಮ್ಮೆ ಗುಡುಗುತ್ತಿದ್ದ ಮನುಷ್ಯ ಅಷ್ಟು ಮೆತ್ತಗೆ ಮಾತಾಡಿದ್ದು ಕೇಳಿ, ನನ್ನ ಬಿಸಿನೀರಿನ ಸ್ನಾನದ ಚಿಂತೆಯ ಜೊತೆಗೆ ನಿಜವಾದ ಮರುಕವೂ ಒಂದು ಚೂರು ಹುಟ್ಟಿತೆಂದು ಹೇಳಿಕೊಳ್ಳಬಹುದು.

ಬಿಚ್ಚುವುದಾದರೂ ಹೇಗೆ? ‘ಒದ್ದು ಹಾಗೇ ಹೋಗ್ರಪ್ಪಾ’ ಎಂದು ಹೇಳಲು ನನ್ನ ನಾಲಿಗೆ ಏಳುತ್ತಿರಲಿಲ್ಲ. ಹೇಳಿದರೂ ಹುಡುಗರು ನಂಬುತ್ತಿರಲಿಲ್ಲ. ಮನೆಗೆ ಹೋಗಿ ಅಜ್ಜಿಯ ಮುಂದೆ ಕೂತೆ. ಎಂಬತ್ತು ದಾಟಿದ ಅಜ್ಜಿ ಅವರೆಕಾಯಿ ಸುಲಿಯುತ್ತಾ ಇಡೀ ಕತೆ ಕೇಳಿದಳು. ಆಟದ ನಿಯಮವೇನೂ ಅವಳಿಗೆ ತಿಳಿಯಲಿಲ್ಲ. ‘ಇಪ್ಪತ್ತೆರಡು ಜನ ಸೇರಿ ಒಂದು ಚೆಂಡಿಗೆ ಬಡಿದಾಡ್ತಾರಾ? ಇನ್ನೊಂದು ಕೊಡ್ಸಬಾರ್ದಾ ಆ ಶಾಮಣ್ಣ?’ ಎಂದಳು. ಆದರೆ ನನ್ನ ಸಂಕಟ ಮಾತ್ರ ಅವಳಿಗೆ ಚೆನ್ನಾಗಿ ತಿಳಿಯಿತು.

‘ಅಲ್ಲ ಕಣ್ ಮಗಾ’ ಎಂದಳು, ‘ಬೆಳಿಗ್ಗೆ ಎದ್ದ ತಕ್ಷಣ ನೆಲ ಮುಟ್ಟಿ ಕಣ್ಣಿಗೊತ್ಕೊತೀವಲ್ಲ, ಯಾಕೆ ಹೇಳು? ದಿನವೆಲ್ಲಾ ಭೂಮ್ತಾಯಿನ ತುಳೀತೀವಿ. ಹೆಜ್ಜೆ ಹೆಜ್ಜೆಗೂ ಬಗ್ಗಿ ಕೈಮುಗೀತಾ ಹೋದ್ರೆ ನೀರು ತರೋದು ಯಾವಾಗ, ಒಲೆ ಹಚ್ಚೋದು ಯಾವಾಗ? ಅದಕ್ಕೇ ಏಳ್ತಿದ್ದಂಗೇ ಒಂದೇ ಸಲ, ತಾಯಿ, ಇವತ್ತೆಲ್ಲಾ ನಿನ್ನ ತುಳೀತೀನಿ, ಹೊಟ್ಟೇಗ್ ಹಾಕ್ಕೋ ಅಂತ ಕೇಳ್ಕೊಂಡ್ಬಿಡೋದು. ಆಯಮ್ಮನೇ ಒಪ್ಪವ್ಳೆ. ಡ್ಯಾಮಿನ ಹುಡುಗ್ರು ಒಪ್ಪಲ್ವಾ?’

ನಾನು ಅವಳ ಮಡಿಲಿನ ಅವರೆಕಾಯಿ ಚೆಲ್ಲಾಡುವ ಹಾಗೆ ಎದ್ದೆ. ಮಾರನೆಯ ದಿನ ಹುಡುಗರನ್ನು ಕೂರಿಸಿಕೊಂಡು ಇದನ್ನು ಹಾಗೆಯೇ ಹೇಳಿದೆ. ಅವರ ಮುಖಗಳು ಅರಳಿದ್ದನ್ನು ನೋಡಬೇಕಿತ್ತು. ರುದ್ರೇಶ ಎದ್ದು ನಿಂತು, ‘ಮುಂಚೇನೇ ಮಾಡಿದ್ರೆ ಎಷ್ಟು ಸಲ ಬೇಕಾದ್ರೂ ಒದೀಬೋದಾ ಸಾರ್?’ ಎಂದು ಖಾತರಿ ಮಾಡಿಕೊಂಡ. ‘ತಾಗಬಹುದು ಕಣೋ. ಒದೀಬಾರದು’ ಎಂದೆ. ಅವನು ಮೊದಲ ಮಾತನ್ನಷ್ಟೇ ಕೇಳಿಸಿಕೊಂಡು ಕೂತ. ಹವಾಲ್ದಾರರು ಅಜ್ಜಿಯ ತೀರ್ಪನ್ನು ಮಿಲಿಟರಿ ಮಟ್ಟಕ್ಕೆ ಏರಿಸಿದರು. ‘ಏಕ್’ ಎಂದರೆ ಬಗ್ಗುವುದು, ‘ದೋ’ ಎಂದರೆ ಮೊಣಕಾಲು ಮುಟ್ಟುವುದು, ‘ತೀನ್’ ಎಂದರೆ ಕಣ್ಣಿಗೆ ಒತ್ತಿಕೊಳ್ಳುವುದು. ಹನ್ನೊಂದು ಜನ ಒಟ್ಟಿಗೆ ಹಾಗೆ ಮಾಡಿದ್ದನ್ನು ನೋಡಿ ಶಾಮಣ್ಣನವರ ಕಣ್ಣು ಮತ್ತೊಮ್ಮೆ ತೇವವಾಯಿತು. ಇದರ ಜೊತೆಗೆ ಹವಾಲ್ದಾರರು ರುದ್ರೇಶನನ್ನು ಹಿಂದಿನಿಂದ ತೆಗೆದು ಮುಂದಿನ ಸಾಲಿಗೆ ಹಾಕಿದರು. ಕಾರಣ ಕೇಳಿದ್ದಕ್ಕೆ, ‘ಒಂದು ವೇಳೆ ಬಗ್ಗಿದ್ರೂ ನಮ್ಮ ಗೋಲಿಂದ ದೂರದಾಗೆ ಬಗ್ಲಿ ಅಂತ’ ಎಂದರು.

ಮೂರನೆಯ ಪಂದ್ಯ ನಮ್ಮ ಮೈದಾನದಲ್ಲೇ. ಡ್ಯಾಮ್ ಕಾಲೋನಿಯ ಹುಡುಗರು ಲಾರಿಯಲ್ಲಿ ಬಂದಿಳಿದರು. ಎಲ್ಲರ ಕಾಲಲ್ಲೂ ನಿಜವಾದ ಫುಟ್‌ಬಾಲ್ ಬೂಟು. ಬೇಲಿಯ ಸುತ್ತ ಊರಿನ ಜನ ಸೇರಿದ್ದರು. ಸೀಟಿಗೆ ಮುಂಚೆ ನಮ್ಮವರು ಸಾಲಾಗಿ ಹೋಗಿ ಅವರ ಎದುರು ನಿಂತರು. ಹವಾಲ್ದಾರರು ‘ಏಕ್, ದೋ, ತೀನ್’ ಎಂದರು. ಒಬ್ಬೊಬ್ಬರೂ ಒಂದು ಜಾಗ ಸರಿದರು. ಮತ್ತೆ ‘ಏಕ್, ದೋ, ತೀನ್’. ಹೀಗೆ ನಮ್ಮ ಹನ್ನೊಂದೂ ಜನ ಅವರ ಹನ್ನೊಂದೂ ಜನರ ಮೊಣಕಾಲು ಮುಟ್ಟಿ ಮುಗಿಸಿದರು. ಲಕ್ಕವಳ್ಳಿಯ ಹುಡುಗರು ಕಕ್ಕಾಬಿಕ್ಕಿಯಾದರು. ಅವರ ಕ್ಯಾಪ್ಟನ್ ರುದ್ರೇಶನನ್ನು ಮೆಲ್ಲಗೆ ಕೇಳಿದ, ‘ಇದ್ಯಾಕ್ರೋ?’

‘ಆಮೇಲೆ ಒದೀತೀವಲ್ಲ, ಅದಕ್ಕೆ’ ಎಂದ ರುದ್ರೇಶ, ತುಂಬ ವಿನಯದಿಂದ.

ಆಟ ಶುರುವಾಯಿತು. ಮೂರು ವರ್ಷದಿಂದ ಕಟ್ಟಿಹಾಕಿದ್ದ ಕಾಲುಗಳು ಬಿಚ್ಚಿಕೊಂಡವು. ನಮ್ಮವರು ಚೆಂಡು ಕಿತ್ತುಕೊಂಡರು, ತಾಗಿಸಿದರು, ಹಿಂತಿರುಗಿ ನೋಡದೆ ಓಡಿದರು. ಆದರೂ ಲಕ್ಕವಳ್ಳಿಯವರು ಲಕ್ಕವಳ್ಳಿಯವರೇ. ಅವರ ಆಟ ನಮಗಿಂತ ಮೇಲಿತ್ತು, ಚೆಂಡು ನಮ್ಮ ಗೋಲಿನ ಸುತ್ತಲೇ ಸುಳಿಯುತ್ತಿತ್ತು. ಅಷ್ಟರಲ್ಲಿ ಅವರ ಕ್ಯಾಪ್ಟನ್‌ನ ಬೂಟು ನಮ್ಮವನೊಬ್ಬನಿಗೆ ಜೋರಾಗಿ ತಾಗಿತು. ಆ ಕ್ಯಾಪ್ಟನ್ ಎಲ್ಲರ ಹಾಗೆ ಮುಂದೆ ಓಡಿದ. ಬೇಲಿಯ ಆಚೆ ಟವೆಲ್ ಸುತ್ತಿಕೊಂಡು ನಿಂತಿದ್ದ ಮುದುಕರೊಬ್ಬರಿಗೆ ತಡೆಯಲಾಗಲಿಲ್ಲ. ‘ಲೇ, ನಮ್ ಹುಡುಗ್ರು ಮುಂಚೇನೇ ಕೈಮುಗುದವ್ರೆ! ನೀನು ಒದ್ದು ಹಂಗೇ ಹೋಗ್ತೀಯಲ್ಲೋ! ಮನೇಲಿ ಹಿರೀಕ್ರು ಇಲ್ವೇನ್ಲಾ?’ ಎಂದು ಕೂಗಿದರು. ಪಕ್ಕದ ಹೆಂಗಸರು ‘ಅಷ್ಟೂ ಗೊತ್ತಾಗಲ್ವಾ ತಾಯಿ!’ ಎಂದು ದನಿಗೂಡಿಸಿದರು. ಆ ಹುಡುಗನ ಕಿವಿ ಕೆಂಪಾಯಿತು. ಅವನೂ ಇದೇ ಸೀಮೆಯ ಹುಡುಗ, ಅವನ ಮನೆಯಲ್ಲೂ ಅಜ್ಜಿಯೊಬ್ಬಳು ಇದ್ದೇ ಇದ್ದಳು. ಮುಂದಿನ ಸಲ ಕಾಲು ತಾಗಿದಾಗ ಅವನು ನಿಂತ. ಬಗ್ಗಿದ. ಅವನನ್ನು ನೋಡಿ ಇನ್ನೊಬ್ಬನೂ ಬಗ್ಗಿದ. ಅವರಿಗೆ ಮುಂಗಡದ ಉಪಾಯ ಗೊತ್ತಿರಲಿಲ್ಲ, ಪಾಪ.

ಮುಗಿಯುವ ಹೊತ್ತಿಗೆ ಚೆಂಡು ರುದ್ರೇಶನಿಗೆ ಸಿಕ್ಕಿತು. ಎದುರಿಗೆ ಅವರ ದೊಡ್ಡ ಬ್ಯಾಕ್, ಗೋಡೆಯಂಥವನು. ಇಬ್ಬರ ಕಾಲೂ ತಾಗಿದವು. ಗೋಡೆ ಭಕ್ತಿಯಿಂದ ಬಗ್ಗಿತು. ರುದ್ರೇಶ ಮಾತ್ರ ಬಗ್ಗಲಿಲ್ಲ, ಬಗ್ಗಿದ ಬೆನ್ನನ್ನು ಸುತ್ತಿಹಾಕಿಕೊಂಡು ಹೋಗಿ ಗೋಲಿಗೆ ಬಾರಿಸಿದ. ಇಡೀ ಪಂದ್ಯದಲ್ಲಿ ಅದೊಂದೇ ಗೋಲು, ನಾವು ಗೆದ್ದೆವು. ನಮ್ಮವನೇ ಹೊಡೆದ ಗೋಲು ಹೇಗಿರುತ್ತದೆಂದು ನಾನು ಕಂಡದ್ದು ಅವತ್ತೇ. ಜನ ಬೇಲಿ ಹಾರಿ ಬಂದರು. ಹವಾಲ್ದಾರರು ಟೋಪಿ ತೆಗೆದು ಮುಖಕ್ಕೆ ಅಡ್ಡ ಹಿಡಿದುಕೊಂಡು ಸುಮಾರು ಹೊತ್ತು ಹಾಗೇ ನಿಂತಿದ್ದರು. ಆಮೇಲೆ ಟೋಪಿ ಇಟ್ಟುಕೊಂಡು, ‘ಧೂಳು ಜಾಸ್ತಿ ಕಣ್ರೀ ನಿಮ್ಮ ಗ್ರೌಂಡಾಗೆ’ ಎಂದರು. ಶಾಮಣ್ಣನವರು ಅಲ್ಲೇ ಎಲ್ಲರ ಮುಂದೆ ಅವರ ಕೆಲಸ ಕಾಯಂ ಎಂದು ಸಾರಿದರು. ನಾನು ಯಾರಿಗೂ ಕಾಣದ ಹಾಗೆ ಗೋಲುಗಂಬವನ್ನು ಅಪ್ಪಿಕೊಂಡೆ.

ಅದಾಗಿ ಒಂದು ವಾರವೂ ಕಳೆದಿರಲಿಲ್ಲ. ಊಟದ ಗಂಟೆ ಹೊಡೆದಾಗ ನಾನು ಜಗಲಿಯಲ್ಲಿ ನಿಂತಿದ್ದೆ. ರುದ್ರೇಶ ಪರೇಡಿನ ಬೂಟುಗಾಲಿನಲ್ಲಿ ಓಡಿಬಂದವನು ನನ್ನ ಪಾದವನ್ನು ಸರಿಯಾಗಿ ತುಳಿದು, ನಿಲ್ಲದೆ ಮುಂದೆ ಹೋದ. ನಾನು ಒಂಟಿಕಾಲಿನಲ್ಲಿ ಕುಣಿಯುತ್ತಾ ‘ಲೇ ರುದ್ರೇಶ!’ ಎಂದು ಕೂಗಿದೆ. ಅವನು ಓಡುತ್ತಲೇ ತಿರುಗಿ, ಮುಖದ ತುಂಬ ನಗೆ ತಂದುಕೊಂಡು, ‘ಬೆಳಿಗ್ಗೇನೇ ಮಾಡ್ಬಿಟ್ಟಿದೀನಿ ಸಾರ್, ನಿಮ್ದೂ ಸೇರಿಸಿ!’ ಎಂದ. ಆಮೇಲೆ ವಿಚಾರಿಸಿದರೆ ಇಡೀ ಹಾಸ್ಟೆಲೇ ಆ ಪದ್ಧತಿಗೆ ಬಂದುಬಿಟ್ಟಿತ್ತು. ಬೆಳಗಿನ ಪ್ರಾರ್ಥನೆ ಮುಗಿದ ಕೂಡಲೇ ಹುಡುಗರೆಲ್ಲ ಮೇಷ್ಟ್ರುಗಳ ಕಡೆ ತಿರುಗಿ, ಏಕ್ ದೋ ತೀನ್ ಎಂದು ಬಗ್ಗಿ ಕೈಮುಗಿಯುತ್ತಿದ್ದರು. ಶಾಮಣ್ಣನವರು ಊರಿನ ದೊಡ್ಡವರನ್ನು ಕರೆತಂದು ಇದನ್ನು ತೋರಿಸಿ, ‘ನೋಡಿ ಸಂಸ್ಕಾರ ಅಂದ್ರೆ! ಎಲ್ಲಾ ನಮ್ಮ ಮೇಷ್ಟ್ರದ್ದೇ’ ಎಂದು ನನ್ನ ಬೆನ್ನು ತಟ್ಟುತ್ತಿದ್ದರು. ನಾನು ವಿನಯದಿಂದ ನಗುತ್ತಾ, ಆ ದಿನ ಯಾವ ಹುಡುಗ ಎಲ್ಲರಿಗಿಂತ ಆಳವಾಗಿ ಬಗ್ಗಿದನೆಂದು ನೋಡಿಟ್ಟುಕೊಳ್ಳುತ್ತಿದ್ದೆ. ಸಂಜೆಯವರೆಗೆ ಅವನಿಂದ ನಾಲ್ಕು ಮಾರು ದೂರ ಇರಬೇಕಿತ್ತಲ್ಲ.